ಕಂದಾಯ ರಸೀದಿಯಲ್ಲಿರುವ ಆರು ರೂಪಾಯಿ

ಈ ಸಲ ಮನೆ ಕಂದಾಯ ಕಟ್ಟಿದ ಮೇಲೆ ರಸೀದಿಯನ್ನು ಮಡಚಿ ಬೀರುವಿನಲ್ಲಿಡುವ ಮೊದಲು ಪೂರ್ತಿ ಓದಿದೆ. ಇಷ್ಟು ವರ್ಷ ಕೊನೆಯ ಮೊತ್ತ ಒಂದನ್ನೇ ನೋಡುತ್ತಿದ್ದೆ. ಆಸ್ತಿ ತೆರಿಗೆಯ ಕೆಳಗೆ ಸಣ್ಣ ಅಕ್ಷರದಲ್ಲಿ ಸೆಸ್‌ಗಳ, ಅಂದರೆ ತೆರಿಗೆಯ ಮೇಲೆ ಹಾಕುವ ಉಪಕರಗಳ ಪಟ್ಟಿ ಇದೆ. ಆರೋಗ್ಯಕ್ಕೆ ನೂರಕ್ಕೆ 15, ಗ್ರಂಥಾಲಯಕ್ಕೆ 6, ಭಿಕ್ಷುಕರ ಪುನರ್ವಸತಿಗೆ 3. ಅಂದರೆ 5,000 ರೂಪಾಯಿ ತೆರಿಗೆ ಬರುವ ಮನೆಯವರು ವರ್ಷಕ್ಕೆ 300 ರೂಪಾಯಿಯನ್ನು ಗ್ರಂಥಾಲಯಕ್ಕೆಂದೇ ಕಟ್ಟುತ್ತಾರೆ. ಮೈಸೂರಿನಲ್ಲಿ ಸ್ವಂತ ಮನೆ ಇರುವವರು, ಅಂಗಡಿ ಇರುವವರು ಇದನ್ನು ಕಟ್ಟುತ್ತಾರೆ. ಬಾಡಿಗೆ ಮನೆಯವರೂ ಕಟ್ಟುತ್ತಾರೆ. ಅವರದು ಬಾಡಿಗೆಯ ಒಳಗೇ ಸೇರಿರುತ್ತದೆ ಅಷ್ಟೆ.

ಗೊತ್ತಿರುವ ಕೆಲವರನ್ನು ಕೇಳಿ ನೋಡಿದೆ. ಕಸದ ಗಾಡಿ ಒಂದು ದಿನ ಬರದಿದ್ದರೆ ಫೋನ್ ಮಾಡಿ ವಿಚಾರಿಸುವವರಿಗೂ ಗ್ರಂಥಾಲಯಕ್ಕೆ ತಾವು ಹಣ ಕೊಡುತ್ತಿರುವುದು ಗೊತ್ತಿರಲಿಲ್ಲ. ಹಾಗಾಗಿ ಬಡಾವಣೆಯ ಶಾಖಾ ಗ್ರಂಥಾಲಯ ಬಾಗಿಲು ಹಾಕಿದ್ದರೂ ಯಾರೂ ಕೇಳುವುದಿಲ್ಲ. ಸರ್ಕಾರ ಏನೋ ದೊಡ್ಡ ಮನಸ್ಸು ಮಾಡಿ ನಡೆಸುತ್ತಿದೆ, ಇದ್ದರೆ ಇರಲಿ ಅನ್ನುವ ಭಾವನೆ. ಪ್ರಜಾಪ್ರಭುತ್ವದಲ್ಲಿ ಗ್ರಂಥಾಲಯಕ್ಕೇನು ಕೆಲಸ ಎಂಬ ಪ್ರಶ್ನೆಯನ್ನು ನಾನು ಈ ರಸೀದಿಯಿಂದಲೇ ಶುರು ಮಾಡುತ್ತೇನೆ. ಯಾಕೆಂದರೆ ಗ್ರಂಥಾಲಯ ನಮ್ಮದು ಅನ್ನುವುದಕ್ಕೆ ಇದಕ್ಕಿಂತ ಗಟ್ಟಿ ದಾಖಲೆ ಇನ್ನೊಂದಿಲ್ಲ.

ಈ ಸೆಸ್ ಹುಟ್ಟಿದ್ದು 1965ರ ಸಾರ್ವಜನಿಕ ಗ್ರಂಥಾಲಯ ಕಾಯ್ದೆಯಿಂದ. ಆಗಿನ್ನೂ ನಮ್ಮದು ಮೈಸೂರು ರಾಜ್ಯ. ಸ್ವಾತಂತ್ರ್ಯ ಬಂದ ಮೇಲೆ ದೇಶದಲ್ಲಿ ಇಂಥ ಕಾಯ್ದೆ ಮೊದಲು ಮಾಡಿದ್ದು ಮದ್ರಾಸ್, 1948ರಲ್ಲಿ. ಅದರ ಹಿಂದೆ ಇದ್ದವರು ಭಾರತದ ಗ್ರಂಥಾಲಯ ವಿಜ್ಞಾನದ ಪಿತಾಮಹ ಎನಿಸಿದ ಎಸ್. ಆರ್. ರಂಗನಾಥನ್. ಅವರು ಕೊನೆಯ ವರ್ಷಗಳನ್ನು ಬೆಂಗಳೂರಿನಲ್ಲೇ ಕಳೆದರು. ಓದುಗರಿಂದ ಶುಲ್ಕ ತೆಗೆದುಕೊಳ್ಳಬಾರದು, ಹಾಗಂತ ಗ್ರಂಥಾಲಯ ಪ್ರತಿ ವರ್ಷ ಬಜೆಟ್ಟಿನ ಮುಂದೆ ಕೈಚಾಚಿ ನಿಲ್ಲಲೂ ಬಾರದು, ಅದಕ್ಕೆ ತನ್ನದೇ ಆದ ಹಣ ಇರಬೇಕು ಅನ್ನುವುದು ಸೆಸ್‌ನ ಹಿಂದಿನ ಯೋಚನೆ. ಎಲ್ಲ ರಾಜ್ಯಗಳೂ ಈ ದಾರಿ ಹಿಡಿಯಲಿಲ್ಲ. ಮಹಾರಾಷ್ಟ್ರದಲ್ಲಿ 1967ರಿಂದ ಗ್ರಂಥಾಲಯ ಕಾಯ್ದೆ ಇದೆ, ಸೆಸ್ ಇಲ್ಲ. ಆ ಮಟ್ಟಿಗೆ ನಮ್ಮ ಹಿರಿಯರು ಮುಂದಾಲೋಚನೆ ಮಾಡಿದ್ದರು. ತೊಂದರೆ ಇರುವುದು ನಂತರದ ಹಂತದಲ್ಲಿ. ಸೆಸ್ ವಸೂಲಿ ಮಾಡುವುದು ಸ್ಥಳೀಯ ಸಂಸ್ಥೆಗಳು, ಖರ್ಚು ಮಾಡಬೇಕಾದದ್ದು ಗ್ರಂಥಾಲಯ ಪ್ರಾಧಿಕಾರಗಳು. ಜನ ಕಟ್ಟಿದ ಹಣ ಒಂದು ಖಾತೆಯಿಂದ ಇನ್ನೊಂದು ಖಾತೆಗೆ ಹೋಗದೆ ವರ್ಷಗಟ್ಟಲೆ ಬಾಕಿ ಉಳಿಯುವುದು ನಮ್ಮ ರಾಜ್ಯದಲ್ಲಿ ಮತ್ತೆ ಮತ್ತೆ ಕೇಳಿಬರುವ ದೂರು. ಬಾಕಿ ಉಳಿದ ಹಣ ಅಂದರೆ ಬರದೇ ಹೋದ ಪುಸ್ತಕ, ಕೆಟ್ಟು ನಿಂತ ಫ್ಯಾನು, ಭರ್ತಿಯಾಗದ ಹುದ್ದೆ.

ಹಣದ ಮಾತು ಇಲ್ಲಿಗೆ ಸಾಕು. ಒಳಗೆ ಹೋಗೋಣ.

ನಾನು ಹೋಗುವ ಗ್ರಂಥಾಲಯದ ಪತ್ರಿಕಾ ವಿಭಾಗದಲ್ಲಿ ಬೆಳಗ್ಗೆ ಬಾಗಿಲು ತೆಗೆಯುವ ಮುಂಚೆಯೇ ನಾಲ್ಕೈದು ಜನ ಮೆಟ್ಟಿಲ ಮೇಲೆ ಕೂತಿರುತ್ತಾರೆ. ಒಳಗೆ ಹೋದ ಕೂಡಲೇ ಒಂದು ಪತ್ರಿಕೆ ನಾಲ್ಕು ಭಾಗವಾಗುತ್ತದೆ. ಒಬ್ಬರ ಕೈಗೆ ಮುಖಪುಟ, ಇನ್ನೊಬ್ಬರಿಗೆ ಜಿಲ್ಲಾ ಪುಟ, ಹುಡುಗರಿಗೆ ಕ್ರೀಡೆ ಮತ್ತು ಉದ್ಯೋಗದ ಪುಟ. ಓದಿದ ಹಾಳೆಯನ್ನು ಪಕ್ಕದವರಿಗೆ ದಾಟಿಸುವಾಗ ಮಾತು ಕೂಡ ಬೇಕಿಲ್ಲ, ಗಲ್ಲ ಎತ್ತಿದರೆ ಸಾಕು. ಒಬ್ಬ ಹಿರಿಯರು ಸಾಲಿನ ಕೆಳಗೆ ಬೆರಳಿಟ್ಟು ತುಟಿ ಅಲ್ಲಾಡಿಸುತ್ತಾ ಓದುತ್ತಾರೆ. ಅವರು ಮುಗಿಸುವವರೆಗೆ ಎದುರಿನವರು ಕಾಯುತ್ತಾರೆ. ಅವರು ಏನು ಕೆಲಸ ಮಾಡಿಕೊಂಡಿದ್ದರೋ, ಯಾವ ಜಾತಿಯೋ, ಯಾರಿಗೆ ವೋಟು ಹಾಕುತ್ತಾರೋ ಅಲ್ಲಿ ಯಾರಿಗೂ ಗೊತ್ತಿಲ್ಲ, ಕೇಳುವುದೂ ಇಲ್ಲ.

ಸರ್ಕಾರಕ್ಕೆ ಸೇರಿದ ಬೇರೆ ಯಾವ ಕಟ್ಟಡಕ್ಕೆ ಹೀಗೆ ಹೋಗಬಹುದು ಹೇಳಿ? ತಾಲ್ಲೂಕು ಕಚೇರಿಗೆ ಅರ್ಜಿ ಬೇಕು, ಆಧಾರ್ ಜೆರಾಕ್ಸ್ ಬೇಕು. ಆಸ್ಪತ್ರೆಗೆ ಕಾಯಿಲೆ ಬೇಕು. ಪೊಲೀಸ್ ಠಾಣೆಗೆ ಧೈರ್ಯ ಬೇಕು. ಪತ್ರಿಕಾ ವಿಭಾಗಕ್ಕೆ ಚಪ್ಪಲಿ ಬಿಟ್ಟು ಒಳಗೆ ನಡೆದರೆ ಆಯಿತು. ಯಾಕೆ ಬಂದೆ ಎಂದು ಯಾರೂ ಕೇಳದ ಜಾಗದಲ್ಲಿ ಕೂತಾಗಲೇ ಮನುಷ್ಯನಿಗೆ ತಾನೂ ಈ ದೇಶದ ಪಾಲುದಾರ ಅನ್ನಿಸುವುದು.

ಎಲ್ಲಾ ಮೊಬೈಲಲ್ಲೇ ಸಿಗುತ್ತಲ್ಲ, ಗ್ರಂಥಾಲಯ ಯಾಕೆ ಎಂದು ಜಾಸ್ತಿ ಜನ ಕೇಳುತ್ತಾರೆ. ನಿಜ, ತುಂಬಾ ಸಿಗುತ್ತದೆ. ಸಾರ್ವಜನಿಕ ಗ್ರಂಥಾಲಯ ಇಲಾಖೆಯೇ 2020ರಲ್ಲಿ ಡಿಜಿಟಲ್ ಗ್ರಂಥಾಲಯ ಶುರು ಮಾಡಿದೆ, ಮನೆಯಲ್ಲೇ ಕೂತು ಓದಬಹುದು. ಆದರೆ ಮೊಬೈಲು ನಾನು ನಿನ್ನೆ ನೋಡಿದ್ದಕ್ಕೆ ಹೊಂದುವಂಥದ್ದನ್ನೇ ಇವತ್ತೂ ತಂದು ಮುಂದಿಡುತ್ತದೆ. ಗ್ರಂಥಾಲಯದ ಮೇಜಿನ ಮೇಲೆ ಒಂದಕ್ಕೊಂದು ಒಪ್ಪದ ಎರಡು ಪತ್ರಿಕೆಗಳು ಅಕ್ಕಪಕ್ಕ ಬಿದ್ದಿರುತ್ತವೆ. ನನಗೆ ಇಷ್ಟವಿಲ್ಲದ ಪತ್ರಿಕೆಯೇ ಖಾಲಿ ಇದ್ದರೆ ಅದನ್ನೇ ಎತ್ತಿಕೊಳ್ಳುತ್ತೇನೆ. ನನ್ನ ಎಷ್ಟೋ ಅಭಿಪ್ರಾಯಗಳು ಬದಲಾಗಿದ್ದು ಹೀಗೆ ಕೈಗೆ ಸಿಕ್ಕಿದ ಹಾಳೆಯಿಂದ.

ಮಂಡ್ಯದ ಒಂದು ಉದಾಹರಣೆ ಕೊಡುತ್ತೇನೆ, ಇದು ನನ್ನನ್ನು ತುಂಬಾ ದಿನ ಕಾಡಿದೆ. ಮಂಡ್ಯ ಜಿಲ್ಲೆಯಲ್ಲಿ ಕಾವೇರಿಯ ಬಗ್ಗೆ ಮಾತಾಡದ ಟೀ ಅಂಗಡಿ ಇಲ್ಲ. 2023ರ ಬರದ ವರ್ಷ ತಮಿಳುನಾಡಿಗೆ 15 ದಿನ 5,000 ಕ್ಯೂಸೆಕ್‌ನಂತೆ ನೀರು ಬಿಡಿ ಎಂದು ಆದೇಶ ಬಂದಾಗ ಊರೂರಲ್ಲಿ ಪ್ರತಿಭಟನೆ ನಡೆಯಿತು. ಗದ್ದೆ ಒಣಗುತ್ತಿರುವಾಗ ಹೊಟ್ಟೆ ಉರಿಯುವುದು ಸಹಜ. ಆದರೆ ಆ 5,000 ಕ್ಯೂಸೆಕ್ ಅಂದರೆ ಎಷ್ಟು? ಲೆಕ್ಕ ಸುಲಭ. ಕ್ಯೂಸೆಕ್ ಅಂದರೆ ಸೆಕೆಂಡಿಗೆ ಒಂದು ಘನ ಅಡಿ ನೀರು. ದಿನಕ್ಕೆ 86,400 ಸೆಕೆಂಡು. ಗುಣಿಸುತ್ತಾ ಹೋದರೆ 15 ದಿನಕ್ಕೆ ಸುಮಾರು ಆರೂವರೆ ಟಿಎಂಸಿ ಆಗುತ್ತದೆ. ಒಂದು ಟಿಎಂಸಿ ಅಂದರೆ ನೂರು ಕೋಟಿ ಘನ ಅಡಿ. ಕನ್ನಂಬಾಡಿ ಕಟ್ಟೆ ತುಂಬಿದರೆ ಹಿಡಿಯುವುದು 49.45 ಟಿಎಂಸಿ. ಕಟ್ಟೆ ತುಂಬಿದ ವರ್ಷ ಆರೂವರೆ ದೊಡ್ಡದಲ್ಲ, ಅರ್ಧವೂ ತುಂಬದ ವರ್ಷ ಅದು ಇಡೀ ಬೆಳೆಯ ಪ್ರಶ್ನೆ. ಇಷ್ಟು ಲೆಕ್ಕ ಗೊತ್ತಿರುವ ರೈತ ಸಭೆಯಲ್ಲಿ ಎದ್ದು ನಿಂತರೆ ಅಧಿಕಾರಿ ಉತ್ತರ ಕೊಡಲೇಬೇಕಾಗುತ್ತದೆ.

ಅದೇ ರೀತಿ ತೀರ್ಪು. ನ್ಯಾಯಮಂಡಳಿ 2007ರಲ್ಲಿ ಕರ್ನಾಟಕಕ್ಕೆ 270 ಟಿಎಂಸಿ ಕೊಟ್ಟಿತ್ತು. ಸುಪ್ರೀಂ ಕೋರ್ಟ್ 2018ರ ಫೆಬ್ರವರಿ 16ರಂದು ಅದಕ್ಕೆ 14.75 ಸೇರಿಸಿ 284.75 ಮಾಡಿತು. ಹೆಚ್ಚು ಸಿಕ್ಕಿದ್ದರಲ್ಲಿ 4.75 ಬೆಂಗಳೂರಿನ ಕುಡಿಯುವ ನೀರಿಗೆ, ಉಳಿದ 10 ತಮಿಳುನಾಡಿನ ಅಂತರ್ಜಲವನ್ನು ಲೆಕ್ಕಕ್ಕೆ ಹಿಡಿದದ್ದರಿಂದ. ತಮಿಳುನಾಡಿಗೆ ಹೋಗುವ ನೀರನ್ನು ಅಳೆಯುವ ಬಿಳಿಗುಂಡ್ಲುವಿನಲ್ಲಿ ನಾವು ಹರಿಸಬೇಕಾದದ್ದು ಮಾಮೂಲಿ ಮಳೆ ವರ್ಷದಲ್ಲಿ 192ರಿಂದ 177.25ಕ್ಕೆ ಇಳಿಯಿತು. ಮಳೆ ಕೈಕೊಟ್ಟ ವರ್ಷ ಏನು ಮಾಡಬೇಕು ಅನ್ನುವ ಸಂಕಷ್ಟ ಸೂತ್ರದ ವಿಚಾರದಲ್ಲೇ ಪ್ರತಿ ಸಲ ಜಗಳ. ನೀರಿನ ಮೇಲೆ ಬದುಕು ನಿಂತಿರುವ ಜಿಲ್ಲೆಯ ಎಷ್ಟು ಗ್ರಂಥಾಲಯಗಳಲ್ಲಿ ಈ ತೀರ್ಪಿನ ಒಂದು ಪ್ರತಿ, ಜೊತೆಗೆ ಹತ್ತು ಪುಟದ ಕನ್ನಡ ಸಾರಾಂಶ ಸಿಗುತ್ತದೆ? ನಾನು ಹೋದ ಕಡೆ ಎಲ್ಲೂ ಸಿಗಲಿಲ್ಲ. ಕಾದಂಬರಿ ಇತ್ತು, ಧರ್ಮದ ಪುಸ್ತಕ ಇತ್ತು, ವ್ಯಕ್ತಿತ್ವ ವಿಕಸನದ ಪುಸ್ತಕ ರಾಶಿ ಇತ್ತು. ನಮ್ಮ ಗದ್ದೆಯ ಹಣೆಬರಹ ಬರೆದ ಕಾಗದ ಇರಲಿಲ್ಲ.

ಹಾಗಾಗಿ ನಾನು ಹೇಳುತ್ತಿರುವುದು ಇಷ್ಟು: ನಮ್ಮ ಗ್ರಂಥಾಲಯಗಳಲ್ಲಿ ಪುಸ್ತಕ ಇದೆ, ಆದರೆ ನಮ್ಮನ್ನು ಆಳುವ ಕಾಗದಗಳಿಲ್ಲ. ಪಂಚಾಯಿತಿಯ ಬಜೆಟ್, ಕಾಮಗಾರಿಗಳ ಪಟ್ಟಿ, ಗ್ರಾಮಸಭೆಯ ನಡಾವಳಿ, ಪಾಲಿಕೆಯ ಲೆಕ್ಕಪತ್ರ, ಊರಿನ ಮಾಸ್ಟರ್ ಪ್ಲಾನ್, ಆಕ್ಷೇಪಣೆ ಇದ್ದರೆ ಸಲ್ಲಿಸಿ ಎಂದು ಹೊರಡಿಸುವ ಕರಡು ಅಧಿಸೂಚನೆ. ಇವೆಲ್ಲ ಎಲ್ಲೋ ಒಂದು ಜಾಲತಾಣದಲ್ಲಿ ಇರುತ್ತವೆ, ಅಥವಾ ಕಚೇರಿಯ ಬೀರುವಿನಲ್ಲಿ. ಆಕ್ಷೇಪಣೆಗೆ ಕೊಟ್ಟ ಗಡುವು ಮುಗಿದ ಮೇಲೆ ನಮಗೆ ಸುದ್ದಿ ಗೊತ್ತಾಗುತ್ತದೆ.

2005ರ ಮಾಹಿತಿ ಹಕ್ಕು ಕಾಯ್ದೆಯನ್ನು ನಾವು ಅರ್ಜಿ ಹಾಕುವ ಕಾಯ್ದೆ ಎಂದಷ್ಟೇ ತಿಳಿದಿದ್ದೇವೆ. ಅದರ 4ನೇ ಕಲಂ ಬೇರೆ ಮಾತು ಹೇಳುತ್ತದೆ. ಯಾರೂ ಅರ್ಜಿ ಹಾಕದೆಯೇ ಪ್ರತಿ ಸಾರ್ವಜನಿಕ ಕಚೇರಿ ತಾನೇ ಪ್ರಕಟಿಸಬೇಕಾದ 17 ಬಗೆಯ ವಿವರಗಳ ಪಟ್ಟಿ ಅಲ್ಲಿದೆ. ಅದರಲ್ಲಿ 15ನೆಯದು, ಮಾಹಿತಿ ಪಡೆಯಲು ನಾಗರಿಕರಿಗೆ ಇರುವ ಸೌಲಭ್ಯಗಳ ವಿವರ. ಸಾರ್ವಜನಿಕರಿಗಾಗಿ ಗ್ರಂಥಾಲಯ ಅಥವಾ ವಾಚನಾಲಯ ಇದ್ದರೆ ಅದರ ಕೆಲಸದ ಹೊತ್ತೂ ಸೇರಿ. ಸ್ಥಳೀಯ ಭಾಷೆಯನ್ನು ಗಮನದಲ್ಲಿಟ್ಟುಕೊಂಡು ಮಾಹಿತಿ ಹಂಚಬೇಕು ಎಂದೂ ಅದೇ ಕಲಂ ಹೇಳುತ್ತದೆ. ಕಾಯ್ದೆ ಬರೆದವರ ಕಣ್ಣ ಮುಂದೆ ಗ್ರಂಥಾಲಯ ಇತ್ತು. ಜಾರಿಗೆ ತಂದವರು ಅದನ್ನು ಮರೆತರು. ಹಳ್ಳಿಯಲ್ಲಂತೂ ಪಂಚಾಯಿತಿ ಕಚೇರಿ ಮತ್ತು ಗ್ರಂಥಾಲಯ ಎಷ್ಟೋ ಕಡೆ ಒಂದೇ ಆವರಣದಲ್ಲಿವೆ. ಹತ್ತು ಹೆಜ್ಜೆ ದೂರ. ಆ ಕಾಗದಗಳು ಈ ಹತ್ತು ಹೆಜ್ಜೆ ನಡೆದು ಬರಬೇಕು.

ಗ್ರಾಮ ಪಂಚಾಯಿತಿ ಗ್ರಂಥಾಲಯಗಳ ಬಗ್ಗೆ ನನಗೆ ಭರವಸೆ ಇದೆ. ಸಂವಿಧಾನದ 73ನೇ ತಿದ್ದುಪಡಿ ಪಂಚಾಯಿತಿಗಳಿಗೆ ಒಪ್ಪಿಸಬಹುದಾದ 29 ವಿಷಯಗಳನ್ನು ಪಟ್ಟಿ ಮಾಡಿತು. ಅದರಲ್ಲಿ ಗ್ರಂಥಾಲಯವೂ ಒಂದು, 20ನೆಯದು. ಕರ್ನಾಟಕದಲ್ಲಿ ಅದು ನಿಜವಾಗಿದ್ದು 2019ರಲ್ಲಿ. 5,600ಕ್ಕೂ ಹೆಚ್ಚು ಗ್ರಾಮ ಪಂಚಾಯಿತಿ ಗ್ರಂಥಾಲಯಗಳು ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ಇಲಾಖೆಗೆ ಬಂದವು. ಈಗ ಅವಕ್ಕೆ ಅರಿವು ಕೇಂದ್ರ ಎಂದು ಹೆಸರು. ಕೊರೊನಾ ಕಾಲದಲ್ಲಿ ಶಾಲೆ ಮುಚ್ಚಿದ್ದಾಗ 'ಓದುವ ಬೆಳಕು' ಕಾರ್ಯಕ್ರಮದಲ್ಲಿ ಮಕ್ಕಳಿಗೆ ಉಚಿತ ಸದಸ್ಯತ್ವ ಕೊಟ್ಟರು. ಅಲ್ಲಿಯವರೆಗೆ ಒಳಗೆ ಕಾಲಿಡದಿದ್ದ ಮಕ್ಕಳು ಬಂದರು.

ಮಂಡ್ಯ ಕಡೆಯ ಒಂದು ಅರಿವು ಕೇಂದ್ರದಲ್ಲಿ ನಾನು ಕಂಡದ್ದನ್ನು ಹೇಳಬೇಕು. ಸಂಜೆ ನಾಲ್ಕೂವರೆ ಇರಬಹುದು. ಗೋಡೆಗೆ ಬಣ್ಣದ ಚಿತ್ರ, ಕೆಳಗೆ ಚಾಪೆ, ಚಾಪೆಯ ಮೇಲೆ ಏಳೆಂಟು ಮಕ್ಕಳು. ಒಬ್ಬ ಅಜ್ಜಿ ಸೆರಗಿನ ಗಂಟಿನಿಂದ ಒಂದು ಕಾಗದ ಬಿಚ್ಚಿಕೊಂಡು ಬಂದರು. ಮೇಲ್ವಿಚಾರಕಿ ಪುಸ್ತಕ ನಮೂದು ಮಾಡುತ್ತಿದ್ದರು. ಅಜ್ಜಿ ನೇರವಾಗಿ ಎಂಟನೇ ಕ್ಲಾಸಿನ ಹುಡುಗಿಯೊಬ್ಬಳ ಹತ್ತಿರ ಹೋಗಿ, "ಇದ್ರಲ್ಲಿ ಏನ್ ಬರ್ದವ್ರೆ ನೋಡವ್ವ" ಅಂದರು. ಹುಡುಗಿ ಒಂದು ಸಲ ಮನಸ್ಸಿನಲ್ಲಿ ಓದಿಕೊಂಡಳು, ಆಮೇಲೆ ಜೋರಾಗಿ ಓದಿದಳು. ಬ್ಯಾಂಕ್ ಖಾತೆಗೆ ಆಧಾರ್ ಜೋಡಣೆ ಆಗಿಲ್ಲ, ಅದಕ್ಕೇ ವೃದ್ಧಾಪ್ಯ ವೇತನ ನಿಂತಿದೆ ಎಂದು ಅದರಲ್ಲಿತ್ತು. "ಹಂಗಾರೆ ನನ್ ಹೆಸ್ರು ತೆಗ್ದಿಲ್ವಾ?" ಅಂತ ಅಜ್ಜಿ ಕೇಳಿದರು. "ಇಲ್ಲ ಕಣಜ್ಜಿ, ಬ್ಯಾಂಕಿಗೆ ಹೋದ್ರೆ ಸರಿಹೋಗುತ್ತೆ" ಅಂದಳು ಹುಡುಗಿ. ಮೇಲ್ವಿಚಾರಕಿ ಪೆನ್ನು ಕೆಳಗಿಟ್ಟು, ಯಾವ ದಿನ ಹೋಗಬೇಕು, ಏನೇನು ಕಾಗದ ಬೇಕು ಎಂದು ಒಂದು ಚೀಟಿಯಲ್ಲಿ ಬರೆದುಕೊಟ್ಟರು. ಎಷ್ಟೋ ತಿಂಗಳಿಂದ ಅಜ್ಜಿ ತನ್ನ ಹೆಸರನ್ನೇ ಯಾರೋ ಕಿತ್ತುಹಾಕಿದ್ದಾರೆ ಎಂದುಕೊಂಡು ಕೊರಗಿದ್ದರಂತೆ.

ಆ ದಿನದ ರಿಜಿಸ್ಟರಿನಲ್ಲಿ ಇದು ದಾಖಲಾಗಿರುವುದಿಲ್ಲ. ಎಷ್ಟು ಪುಸ್ತಕ ಎರವಲು ಹೋಯಿತು, ಎಷ್ಟು ಜನ ಸಹಿ ಮಾಡಿದರು ಅನ್ನುವುದಷ್ಟೇ ಇರುತ್ತದೆ. ಆದರೆ ಆ ಹೊತ್ತು ಅಲ್ಲಿ ನಡೆದದ್ದು ಗ್ರಂಥಾಲಯದ ಕೆಲಸವೇ. ಸರ್ಕಾರ ಬರೆದ ಭಾಷೆಯನ್ನು ಒಬ್ಬ ನಾಗರಿಕಳಿಗೆ ಅರ್ಥವಾಗುವ ಭಾಷೆಗೆ ತಂದ ಕೆಲಸ. ಇಂಥ ಮೇಲ್ವಿಚಾರಕರು ವರ್ಷಗಟ್ಟಲೆ ಸಣ್ಣ ಗೌರವಧನಕ್ಕೆ ದುಡಿದವರು, ಸರಿಯಾದ ಸಂಬಳಕ್ಕಾಗಿ ಹೋರಾಡುತ್ತಲೇ ಬಂದವರು. ಅರಿವು ಕೇಂದ್ರಕ್ಕೆ ಟಿವಿ, ಕಂಪ್ಯೂಟರ್ ತರುವಾಗ ಈ ಮನುಷ್ಯರ ಮೇಲೂ ಅಷ್ಟೇ ಹಣ ಹಾಕಬೇಕು. ಅಜ್ಜಿಗೆ ಚೀಟಿ ಬರೆದುಕೊಟ್ಟದ್ದು ಕಂಪ್ಯೂಟರ್ ಅಲ್ಲ.

ಮೈಸೂರು, ಮಂಡ್ಯ ಈ ನಮ್ಮ ಎರಡು ಜಿಲ್ಲೆಗಳಲ್ಲಿ ಪುಸ್ತಕಕ್ಕಾಗಿ ಬದುಕನ್ನೇ ಕೊಟ್ಟ ಜನರಿದ್ದಾರೆ. ಪಾಂಡವಪುರ ಹತ್ತಿರದ ಹರಳಹಳ್ಳಿಯಲ್ಲಿ ಅಂಕೇಗೌಡರು ಬಸ್ ಕಂಡಕ್ಟರ್ ಆಗಿ, ಆಮೇಲೆ ಸಕ್ಕರೆ ಕಾರ್ಖಾನೆಯಲ್ಲಿ ದುಡಿದ ಹಣದಲ್ಲಿ ಪುಸ್ತಕ ಕೂಡಿಸುತ್ತಾ ಹೋಗಿ, ಲಕ್ಷಗಟ್ಟಲೆ ಪುಸ್ತಕಗಳ 'ಪುಸ್ತಕ ಮನೆ' ಕಟ್ಟಿದರು. ಯಾರು ಬೇಕಾದರೂ ಹೋಗಿ ಓದಬಹುದು. ಅವರಿಗೆ ಪದ್ಮಶ್ರೀ ಬಂದಾಗ ಜಿಲ್ಲೆಯೇ ಹೆಮ್ಮೆಪಟ್ಟಿತು. ಮೈಸೂರಿನ ರಾಜೀವನಗರದಲ್ಲಿ ಕೂಲಿ ಮಾಡಿ ಬದುಕುವ ಒಬ್ಬರು ಒಂದು ಶೆಡ್ಡಿನಲ್ಲಿ ಸುಮಾರು 11,000 ಪುಸ್ತಕ ಇಟ್ಟು ಗ್ರಂಥಾಲಯ ನಡೆಸುತ್ತಿದ್ದರು. ತಾನು ಓದಲಿಲ್ಲ, ತನ್ನ ಬೀದಿಯವರಾದರೂ ಓದಲಿ, ಕನ್ನಡ ಕಲಿಯಲಿ ಅನ್ನುವ ಆಸೆ. 2021ರ ಏಪ್ರಿಲ್‌ನಲ್ಲಿ ಒಂದು ಬೆಳಗಿನ ಜಾವ ಅದು ಬೆಂಕಿಗೆ ಸುಟ್ಟುಹೋಯಿತು. ಸುದ್ದಿ ತಿಳಿದು ಎಲ್ಲೆಲ್ಲಿಂದಲೋ ಜನ ಪುಸ್ತಕ ಕಳಿಸಿದರು, ಹಣ ಕೊಟ್ಟರು.

ಇವರ ಕಥೆ ಓದಿದಾಗಲೆಲ್ಲ ನನ್ನ ಕಣ್ಣು ತುಂಬಿಬರುತ್ತದೆ. ಜೊತೆಗೆ ಒಂದು ಸಂಕಟ. ಒಂದು ಬೀದಿಯ ಓದು ಒಬ್ಬ ಕೂಲಿಯವರ ಜೇಬಿನ ಮೇಲೆ, ಒಂದು ತಗಡಿನ ಶೆಡ್ಡಿನ ಮೇಲೆ ನಿಂತಿತ್ತಲ್ಲ, ಆ ಬೀದಿಯವರೂ ಸೆಸ್ ಕಟ್ಟುವವರೇ ಅಲ್ವಾ? ಒಳ್ಳೆಯವರು ಕಟ್ಟಿದ್ದನ್ನು ಸಾರ್ವಜನಿಕ ವ್ಯವಸ್ಥೆ ಕೈಹಿಡಿದು ಉಳಿಸಿಕೊಳ್ಳಬೇಕು. ಆಗ ಏನಾಗುತ್ತದೆ ಅನ್ನುವುದಕ್ಕೆ ಮೈಸೂರಿನಲ್ಲೇ ಪುರಾವೆ ಇದೆ. 1891ರಲ್ಲಿ ಶುರುವಾದ ಓರಿಯಂಟಲ್ ಲೈಬ್ರರಿಗೆ ತಂಜಾವೂರು ಕಡೆಯ ಪಂಡಿತರೊಬ್ಬರು ತಾಳೆಗರಿಯ ಕಟ್ಟು ತಂದುಕೊಟ್ಟರು. ಗ್ರಂಥಪಾಲಕರಾಗಿದ್ದ ಆರ್. ಶಾಮಶಾಸ್ತ್ರಿಗಳು 1905ರಲ್ಲಿ ಅದನ್ನು ಬಿಚ್ಚಿ ನೋಡಿದರೆ ಕೌಟಿಲ್ಯನ ಅರ್ಥಶಾಸ್ತ್ರ! ಶತಮಾನಗಳಿಂದ ಹೆಸರಷ್ಟೇ ಕೇಳಿದ್ದ ಗ್ರಂಥ. 1909ರಲ್ಲಿ ಅಚ್ಚಾಯಿತು. ಮನೆಯ ಅಟ್ಟದಲ್ಲೇ ಇದ್ದಿದ್ದರೆ ಗೆದ್ದಲು ತಿನ್ನುತ್ತಿತ್ತು. ಸಾರ್ವಜನಿಕರ ಕಪಾಟಿಗೆ ಬಂದದ್ದರಿಂದ, ಓದಬಲ್ಲವರ ಕಣ್ಣಿಗೆ ಬಿದ್ದದ್ದರಿಂದ, ರಾಜರಿಗೆಂದು ಬರೆದ ಆಡಳಿತದ ಗುಟ್ಟು ಇವತ್ತು ಯಾರು ಬೇಕಾದರೂ ಓದುವಂತಾಗಿದೆ.

ಸ್ಪರ್ಧಾತ್ಮಕ ಪರೀಕ್ಷೆಗೆ ಓದುವ ಹುಡುಗ ಹುಡುಗಿಯರು ಗ್ರಂಥಾಲಯ ತುಂಬಿಕೊಂಡಿದ್ದಾರೆ, ಸಾಹಿತ್ಯ ಓದುವವರಿಗೆ ಜಾಗವಿಲ್ಲ ಎಂದು ಹಿರಿಯರು ಬೇಸರ ಮಾಡಿಕೊಳ್ಳುತ್ತಾರೆ. ಈ ಮಾತನ್ನು ನಾನು ಒಪ್ಪುವುದಿಲ್ಲ. ಒಂದೇ ಕೋಣೆಯ ಮನೆಯಿಂದ ಬಂದ ಮಗುವಿಗೆ ಇಡೀ ಮೈಸೂರಿನಲ್ಲಿ ಪುಕ್ಕಟೆ ಸಿಗುವ ಮೇಜು ಇದೊಂದೇ. ತಿಂಗಳಿಗೆ ಇಷ್ಟು ಎಂದು ಹಣ ಪಡೆದು ಕುರ್ಚಿ ಕೊಡುವ ಖಾಸಗಿ ಓದುಕೋಣೆಗಳು ಬಡಾವಣೆಗೊಂದರಂತೆ ತಲೆ ಎತ್ತಿವೆ. ಅದಕ್ಕೆ ಕೊಡಲು ಹಣವಿಲ್ಲದವರು ಮಧ್ಯಾಹ್ನ ಡಬ್ಬಿ ತಂದುಕೊಂಡು ಇಲ್ಲಿ ಕೂರುತ್ತಾರೆ. ಮುಂದೆ ಪಂಚಾಯಿತಿಯಲ್ಲಿ ಪಿಡಿಒ, ಠಾಣೆಯಲ್ಲಿ ಪೊಲೀಸ್, ಸರ್ಕಾರಿ ಕಚೇರಿಯಲ್ಲಿ ಎಫ್‌ಡಿಎ ಆಗುವವರು ಇವರೇ. ಬೇಕಾದದ್ದು ಇನ್ನಷ್ಟು ಕುರ್ಚಿ.

ನನಗೆ ನಿಜವಾದ ಚಿಂತೆ ಬರದೇ ಇರುವವರದು. ಮದ್ದೂರು, ಶ್ರೀರಂಗಪಟ್ಟಣ ಕಡೆ ಗಾರ್ಮೆಂಟ್ಸ್ ಕೆಲಸಕ್ಕೆ ಹೋಗುವ ಹೆಣ್ಣುಮಕ್ಕಳು ಬಸ್ಸಿಳಿದು ಊರು ಸೇರುವ ಹೊತ್ತಿಗೆ ಗ್ರಂಥಾಲಯಕ್ಕೆ ಬೀಗ ಬಿದ್ದಿರುತ್ತದೆ. ಭಾನುವಾರ ಅವರಿಗೆ ಬಟ್ಟೆ ಒಗೆಯುವ ದಿನ. ಅವರು ಪುಸ್ತಕ ಮುಟ್ಟುವುದು ಮಕ್ಕಳ ಕೈಯಲ್ಲಿ ಮನೆಗೆ ಬಂದರೆ ಮಾತ್ರ. ಹೆಂಗಸರಿಗೆ ಪ್ರತ್ಯೇಕ ಮೇಜು ಹಾಕುತ್ತಾರೆ, ಪಕ್ಕದಲ್ಲಿ ಶೌಚಾಲಯ ಇರುವುದಿಲ್ಲ. ಮೆಟ್ಟಿಲು ಹತ್ತಲಾಗದವರಿಗೆ ಇಳಿಜಾರು ಇರುವುದಿಲ್ಲ. ಬಾಗಿಲು ಎಲ್ಲರಿಗೂ ತೆರೆದಿದೆ ಅನ್ನುವ ಮಾತು ಇವರ ಮಟ್ಟಿಗೆ ಇನ್ನೂ ನಿಜವಾಗಿಲ್ಲ.

ಪುಸ್ತಕ ಆರಿಸುವ ವಿಷಯದಲ್ಲೂ ಓದುಗರ ಮಾತು ನಡೆಯಬೇಕು. ಇಲಾಖೆಯ ಸಗಟು ಖರೀದಿಯಲ್ಲಿ ಆಯ್ಕೆಯಾದ ಒಂದು ಕನ್ನಡ ಪುಸ್ತಕದ 300 ಪ್ರತಿವರೆಗೆ ಕೊಳ್ಳುತ್ತಾರೆ. ಕನ್ನಡದ ಸಣ್ಣ ಪ್ರಕಾಶಕರು ಉಸಿರಾಡುವುದೇ ಈ ಖರೀದಿಯಿಂದ, ಹಣ ತಡವಾದಾಗ ಅವರು ಒದ್ದಾಡುತ್ತಾರೆ. ಆದರೆ ಸಮಿತಿ ಆರಿಸಿ ಕಳಿಸಿದ್ದನ್ನು ಜೋಡಿಸಿಟ್ಟುಕೊಳ್ಳುವುದಷ್ಟೇ ಊರಿನ ಗ್ರಂಥಾಲಯದ ಪಾಲಿಗೆ ಉಳಿಯುತ್ತದೆ. ಕಬ್ಬಿಗೆ ಬರುವ ರೋಗದ ಬಗ್ಗೆ, ಪಹಣಿ ತಿದ್ದುಪಡಿಯ ಬಗ್ಗೆ ಪುಸ್ತಕ ಬೇಕು ಎಂದು ಓದುಗರು ಕೇಳಿದರೆ ಅದನ್ನು ಎಲ್ಲಿ ಬರೆಯಬೇಕು? "ಪ್ರತಿ ಓದುಗನಿಗೂ ಅವನ ಪುಸ್ತಕ" ಎಂದು ರಂಗನಾಥನ್ 1931ರಲ್ಲೇ ಸೂತ್ರ ಬರೆದಿದ್ದರು. ಬಾಗಿಲ ಹತ್ತಿರ ದಾರ ಕಟ್ಟಿದ ಒಂದು ಬೇಡಿಕೆ ಪುಸ್ತಕ, ಪಕ್ಕದಲ್ಲಿ ಪೆನ್ನು ಇಟ್ಟರೆ ಶುರುವಾಗುತ್ತದೆ.

ಇದನ್ನೆಲ್ಲ ಕೇಳುವುದಕ್ಕೆ ವೇದಿಕೆ ಈಗಾಗಲೇ ಇದೆ. ಪಂಚಾಯತ್ ರಾಜ್ ಕಾಯ್ದೆಯ ಪ್ರಕಾರ ಗ್ರಾಮಸಭೆ ಆರು ತಿಂಗಳಿಗೆ ಒಮ್ಮೆಯಾದರೂ ನಡೆಯಲೇಬೇಕು. ಅಲ್ಲಿ ಚರಂಡಿ, ಬೀದಿದೀಪ, ಮನೆ ಹಂಚಿಕೆಯ ಮಾತು ಬರುತ್ತದೆ, ಬರಲೇಬೇಕು. ಅದರ ಜೊತೆ ಇನ್ನೂ ನಾಲ್ಕು ಪ್ರಶ್ನೆ ಕೇಳಿ, ಉತ್ತರವನ್ನು ನಡಾವಳಿಯಲ್ಲಿ ಬರೆಸಿ. ಹೋದ ವರ್ಷ ಎಷ್ಟು ಗ್ರಂಥಾಲಯ ಸೆಸ್ ವಸೂಲಾಯಿತು? ಅದರಲ್ಲಿ ಗ್ರಂಥಾಲಯಕ್ಕೆ ತಲುಪಿದ್ದೆಷ್ಟು? ಈ ಸಭೆಯ ನಡಾವಳಿಯ ಒಂದು ಪ್ರತಿ ಅರಿವು ಕೇಂದ್ರದಲ್ಲಿ ಯಾವತ್ತಿನಿಂದ ಸಿಗುತ್ತದೆ? ಗಾರ್ಮೆಂಟ್ಸ್‌ನಿಂದ ಬರುವವರಿಗೆ ಸಿಗುವ ಹಾಗೆ ಸಂಜೆ ಎಷ್ಟು ಗಂಟೆವರೆಗೆ ಬಾಗಿಲು ತೆರೆದಿಡುತ್ತೀರಿ?